ಸ್ವೀಕೃತಿ ಕೇಳಿದ್ದಕ್ಕೆ

ಮಗನ ತಲೆಗೆ ಹೊಲಿಗೆ ಹಾಕಿಸಿಕೊಂಡು, ಆಸ್ಪತ್ರೆಯಿಂದ ನೇರವಾಗಿ ಠಾಣೆಗೆ ಹೋಗಿ ದೂರು ಕೊಟ್ಟೆವು. ಅವತ್ತು ಸಂಜೆಯೇ ಎಫ್‌ಐಆರ್ ಆಯಿತು, ನಮ್ಮ ಮೇಲೆ. ನಮ್ಮ ದೂರು ಮೇಜಿನ ಮೇಲೆಯೇ ಉಳಿಯಿತು.

ಇದು 2022ರ ಹಿಂಗಾರಿನ ಮಾತು. ಹೈಕೋರ್ಟಿನ ಧಾರವಾಡ ಪೀಠಕ್ಕೆ ಸೇರುವ ಒಂದು ತಾಲೂಕು ನಮ್ಮದು. ಊರು, ಠಾಣೆ, ಅಧಿಕಾರಿಗಳ ಹೆಸರು ಬರೆಯುವುದಿಲ್ಲ. ಪ್ರಕರಣ ಇನ್ನೂ ಕೋರ್ಟಿನಲ್ಲಿದೆ, ನಾವು ಅದೇ ಊರಿನಲ್ಲಿ ಬಾಳಬೇಕು. ಆದರೂ ಬರೆಯುತ್ತಿದ್ದೇನೆ. ಆ ದಿನಗಳಲ್ಲಿ ಠಾಣೆಯ ಹೊರಗಿನ ಕಟ್ಟೆಯ ಮೇಲೆ, ಅರ್ಜಿಯನ್ನು ಮಡಚಿ ಸೆರಗಿನಲ್ಲಿ ಹಿಡಿದು ಕುಳಿತ ಹೆಂಗಸರನ್ನು ಬಹಳ ಕಂಡಿದ್ದೇನೆ. ಅವರಿಗೆ ಮುಂದಿನ ದಾರಿ ಯಾರೂ ಹೇಳುವುದಿಲ್ಲ.

ಯಜಮಾನರು ತೀರಿಕೊಂಡ ಮೇಲೆ ಎರಡು ಎಕರೆ ಚಿಲ್ಲರೆ ಹೊಲ, ಒಂದು ಬೋರ್‌ವೆಲ್ ನನ್ನ ಹೆಸರಿಗೆ ಬಂತು. ನಾನು ಹೊಲಿಗೆ ಕೆಲಸ ಮಾಡುತ್ತೇನೆ, ಹೊಲ ಮಗ ನೋಡಿಕೊಳ್ಳುತ್ತಾನೆ. ಪಕ್ಕದ ಹೊಲ ನಮ್ಮ ಅಣ್ಣತಮ್ಮಕಿಯವರದೇ. ಬದುವಿನ ತಕರಾರು ಹಳೆಯದು. ಸರ್ವೆಯವರು ಬಂದು ಹದ್ದುಬಸ್ತಿನ ಕಲ್ಲು ನೆಟ್ಟು ಹೋದರೂ ಅದು ನಿಂತಿರಲಿಲ್ಲ. ಆ ದಿನ ಬೆಳಿಗ್ಗೆ ಜೋಳಕ್ಕೆ ನೀರು ಬಿಡಲು ಹೋದ ಮಗನಿಗೆ ಸ್ಟಾರ್ಟರ್ ಪೆಟ್ಟಿಗೆ ಒಡೆದಿದ್ದು ಕಂಡಿತು. ಯಾಕೆ ಒಡೆದಿರಿ ಎಂದು ಕೇಳಿದ್ದಕ್ಕೆ ಸಲಿಕೆಯ ಕಾವಿನಿಂದ ತಲೆಗೆ ಹೊಡೆದರು. ಬುತ್ತಿ ತೆಗೆದುಕೊಂಡು ಹೋಗಿದ್ದ ನಾನು ಬಿಡಿಸಲು ಹೋದಾಗ ನನ್ನನ್ನೂ ದೂಡಿ ಕೆಡವಿದರು.

ತಾಲೂಕು ಆಸ್ಪತ್ರೆಯ ಡಾಕ್ಟರು ಎಂಎಲ್‌ಸಿ ಮಾಡಿದರು. ಹೊಡೆದಾಟದ ಗಾಯ ಬಂದರೆ ಯಾರು ಹೊಡೆದರು, ಯಾವುದರಿಂದ ಹೊಡೆದರು, ಎಷ್ಟು ಹೊತ್ತಿಗೆ ಎಂದು ಕೇಳಿ ರಿಜಿಸ್ಟರಿನಲ್ಲಿ ಬರೆಯಬೇಕು, ಪೊಲೀಸರಿಗೆ ಸುದ್ದಿ ಕಳಿಸಬೇಕು. ಅವರು ಎರಡನ್ನೂ ಮಾಡಿದರು. ಅವಸರದ ಅಕ್ಷರದಲ್ಲಿ ಅವರು ಬರೆದ ಆ ಎರಡು ಸಾಲು ಮುಂದೆ ನಮ್ಮ ಮನೆಯನ್ನು ಉಳಿಸಿದವು. ಆ ಡಾಕ್ಟರನ್ನು ನಾನು ಮರೆಯುವುದಿಲ್ಲ.

ಠಾಣೆಯಲ್ಲಿ ರೈಟರ್ ಅರ್ಜಿಯನ್ನು ಅರ್ಧ ಓದಿ ಕೆಳಗಿಟ್ಟರು. "ಇದು ಹೊಲದ ಜಗಳ ಐತಿ, ಯವ್ವಾ. ಸಿವಿಲ್ ಮ್ಯಾಟರ್. ಕೋರ್ಟಿಗೆ ಹೋಗ್ರಿ."

"ಹುಡುಗನ ತಲಿ ಒಡದೈತ್ರೀ ಸರ. ಹೊಲಿಗಿ ಬಿದ್ದಾವ, ನೋಡ್ರಿ."

"ಸಾಹೇಬರು ಬಂದೋಬಸ್ತಿಗೆ ಹೋಗ್ಯಾರ. ಬರೂತನಕ ಕುಂದರ್ರಿ."

ಹೊತ್ತು ಮುಳುಗುವವರೆಗೆ ಕುಳಿತೆವು. ಮಗನ ಅಂಗಿಯ ಮೇಲಿನ ರಕ್ತ ಒಣಗಿ ಬಿರುಸಾಗಿತ್ತು. ಇದನ್ನು ಸಾಕ್ಷಿಗೆ ಇಟ್ಟುಕೊಳ್ಳಿ ಎಂದರೆ ಯಾರೂ ಮುಟ್ಟಲಿಲ್ಲ. ಪಿಎಸ್‌ಐ ಬಂದರು. ನಿಂತಲ್ಲೇ ಮಾತು ಮುಗಿಸಿದರು: "ಒಂದೇ ಮನೆತನದವರು, ಕುಂತು ಬಗೆಹರಿಸಿಕೋರಿ. ಕೇಸು ಮಾಡಿದ್ರ ನಿಮ್ಮ ಹುಡುಗನ ಮ್ಯಾಲೂ ಆಕ್ಕೈತಿ. ನೌಕರಿಗೆ ಅರ್ಜಿ ಹಾಕ್ಯಾನಂತಲ್ಲ?" ಮಗ ಐಟಿಐ ಮುಗಿಸಿ ಲೈನ್‌ಮನ್ ಕೆಲಸಕ್ಕೆ ಅರ್ಜಿ ಹಾಕಿದ್ದು ಅವರಿಗೆ ಆಗಲೇ ಗೊತ್ತಿತ್ತು. ನಮಗಿಂತ ಮೊದಲು ಅಲ್ಲಿಗೆ ಬಂದು ಹೋದವರು ಇದ್ದರು ಎಂದು ನನಗೆ ಆಗ ತಿಳಿಯಿತು.

"ಆತ್ರಿ. ಅರ್ಜಿ ಮುಟ್ಟೈತಿ ಅಂತ ಒಂದು ಸಹಿ ಹಾಕಿ ಕೊಡ್ರಿ" ಎಂದೆ.

ನನ್ನನ್ನು ಆ ದಿನ ಬೈದದ್ದು ಹೊಡೆದಾಟಕ್ಕಲ್ಲ, ಈ ಮಾತಿಗೆ. ನನಗೇ ಕಾನೂನು ಹೇಳುತ್ತೀಯಾ ಎಂದು ಏಕವಚನಕ್ಕಿಳಿದರು. ಸಹಿ ಸಿಗಲಿಲ್ಲ. ಕೆಲವು ದಿನ ಕಳೆದು ಒಂದು ಹಿಂಬರಹ ಬಂತು: ಜಮೀನಿನ ಹದ್ದಿನ ತಕರಾರು ಸಿವಿಲ್ ಸ್ವರೂಪದ್ದು, ಸಕ್ಷಮ ನ್ಯಾಯಾಲಯದಲ್ಲಿ ಪರಿಹಾರ ಪಡೆದುಕೊಳ್ಳಬೇಕು. ಅದರಲ್ಲಿ ಗಾಯದ ಮಾತೇ ಇರಲಿಲ್ಲ. ಒಡೆದ ತಲೆ, ಒಡೆದ ಪೆಟ್ಟಿಗೆ ಎರಡನ್ನೂ ಬಿಟ್ಟು ಬದುವನ್ನಷ್ಟೇ ಬರೆದಿದ್ದರು. ಎಫ್‌ಐಆರ್ ಎಂದರೆ ತಪ್ಪು ಮಾಡಿದ್ದಾರೆ ಎಂಬ ತೀರ್ಪಲ್ಲ, ತನಿಖೆಯ ಮೊದಲ ಸಾಲು. ಆ ಸಾಲನ್ನು ಬರೆಯದೆ ಕಳಿಸಿದಾಗ ಠಾಣೆಯ ಮೇಜಿನಲ್ಲೇ ತೀರ್ಪು ಆಗಿಹೋಗುತ್ತದೆ, ಅದಕ್ಕೆ ಅಪೀಲೂ ಇರುವುದಿಲ್ಲ.

ನಮ್ಮ ಮೇಲಿನ ಎಫ್‌ಐಆರ್ ಸಿಕ್ಕಿದ್ದು ಪೇಟೆಯ ಸೈಬರ್ ಅಂಗಡಿಯಲ್ಲಿ. ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ಪೊಲೀಸ್ ವೆಬ್‌ಸೈಟಿಗೆ ಹಾಕಬೇಕೆಂದು ಸುಪ್ರೀಂ ಕೋರ್ಟ್ 2016ರಲ್ಲಿ ಹೇಳಿದೆ, ಲೈಂಗಿಕ ಅಪರಾಧದಂತಹ ಸೂಕ್ಷ್ಮ ಪ್ರಕರಣಗಳನ್ನು ಬಿಟ್ಟು. ಅಂಗಡಿಯ ಹುಡುಗ ಠಾಣೆಯ ಹೆಸರು, ತಾರೀಖು ಹಾಕಿ ಹುಡುಕಿ ಪ್ರಿಂಟ್ ತೆಗೆದುಕೊಟ್ಟ. ಭಾರತೀಯ ದಂಡ ಸಂಹಿತೆ ಕಲಂ 323, 324, 504, 506. ಆರೋಪಿ ಒಂದು ನನ್ನ ಮಗ, ಆರೋಪಿ ಎರಡು ನಾನು. ಹೊಡೆಸಿಕೊಂಡವನೇ ಹೊಡೆದವನೆಂದು ಅಚ್ಚಾಗಿತ್ತು.

ಆಮೇಲೆ ಶುರುವಾದದ್ದನ್ನು ಬರೆಯುವುದು ಕಷ್ಟ. ಫೋನು ಬರುತ್ತಿದ್ದುದು ದೀಪ ಹಚ್ಚುವ ಹೊತ್ತಿಗೆ. "ಠಾಣೆಕ್ಕ ಬಾ" ಎಂಬುದಷ್ಟೇ ಮಾತು. ನೋಟಿಸ್ ಇಲ್ಲ, ಕಾಗದ ಇಲ್ಲ. ಹೋದವನನ್ನು ಗೋಡೆಯ ಬದಿ ನೆಲದ ಮೇಲೆ ಕೂರಿಸುವರು, ಫೋನು ಕಸಿದುಕೊಳ್ಳುವರು, ಏನನ್ನೂ ಕೇಳದೆ ರಾತ್ರಿ ಬಿಡುವರು. ಹೊಟ್ಟೆಯಲ್ಲಿ ಕೂಳಿಲ್ಲದೆ ಬಂದವನು ಅನ್ನ ಮುಟ್ಟದೆ ಮಲಗುತ್ತಿದ್ದ. ಒಂದು ರಾತ್ರಿ ಕೆನ್ನೆ ಊದಿತ್ತು. ಕೇಳಿದರೆ ಬಾಯಿ ಬಿಡಲಿಲ್ಲ. ಮತ್ತೊಂದು ರಾತ್ರಿ ಖಾಲಿ ಹಾಳೆಯ ಕೆಳಗೆ ಸಹಿ ಮಾಡಿಸಿಕೊಂಡು ಕಳಿಸಿದರು. ರಾಜಿ ಆಗದಿದ್ದರೆ 107 ಹಾಕುತ್ತೇವೆ, ರೌಡಿ ಶೀಟ್ ತೆಗೆಯುತ್ತೇವೆ ಎಂದಿದ್ದರಂತೆ. ಆಗಿನ ದಂಡ ಪ್ರಕ್ರಿಯಾ ಸಂಹಿತೆಯ 107ನೇ ಕಲಂ ಎಂದರೆ ಶಾಂತಿಭಂಗ ಮಾಡುವ ವ್ಯಕ್ತಿ ಎಂದು ತಹಶೀಲ್ದಾರರ ಮುಂದೆ ನಿಲ್ಲಿಸಿ ಮುಚ್ಚಳಿಕೆ ಬರೆಸಿಕೊಳ್ಳುವುದು. ಹಳ್ಳಿಯ ಹುಡುಗರನ್ನು ಬಗ್ಗಿಸಲು ಈ ಎರಡು ಮಾತು ಸಾಕು.

ಮನೆಗೂ ಬರುತ್ತಿದ್ದರು. ಓಣಿಯವರೆಲ್ಲ ಬಾಗಿಲಿಗೆ ಬಂದು ನಿಲ್ಲುವ ಹಾಗೆ ಗಾಡಿ ನಿಲ್ಲಿಸಿ ಕೂಗುತ್ತಿದ್ದರು. ಜಂಪರ್ ಹೊಲಿಸಲು ಬರುವವರು ಕಡಿಮೆಯಾದರು. ಮಗಳಿಗೆ ಬಂದ ಸಂಬಂಧದವರು ಸುದ್ದಿ ಕೇಳಿ ಸುಮ್ಮನಾದರು. ತವರಿನಿಂದ ಬಂದ ಅಣ್ಣ, "ತಂಗೀ, ಹೊಲ ಹೋದ್ರ ಹೋಗ್ಲಿ, ಹುಡುಗ ಉಳೀಲಿ" ಎಂದ. ಅವನ ಕಣ್ಣಲ್ಲಿ ನೀರಿತ್ತು. ಅವನ ಮಾತು ತೆಗೆದುಹಾಕುವಂಥದ್ದೂ ಆಗಿರಲಿಲ್ಲ. ಆದರೆ ರಾಜಿ ಪತ್ರದಲ್ಲಿ ಪಕ್ಕದ ಹೊಲದವರು ಬರೆಸಿದ್ದು ಬೋರ್‌ವೆಲ್ ಇರುವ ಪಟ್ಟಿಯನ್ನು ಬಿಟ್ಟುಕೊಡಬೇಕೆಂದು. ಅದನ್ನು ಬಿಟ್ಟರೆ ಉಳಿದ ಹೊಲ ಬರೀ ಮಣ್ಣು.

ದಾರಿ ತೋರಿಸಿದ್ದು ಆ ಠಾಣೆಯಲ್ಲೇ ಇದ್ದ ಒಬ್ಬ ಹಿರಿಯ ಪೇದೆ. ಚಹಾದ ಅಂಗಡಿಯ ಹತ್ತಿರ ಹಾದುಹೋಗುತ್ತ, ನನ್ನ ಕಡೆ ನೋಡದೆ ಹೇಳಿದರು: "ಅಕ್ಕಾರ, ಬಾಯಿ ಮಾತಿನಾಗ ಏನೂ ಆಗೂದಿಲ್ಲ. ಎಸ್‌ಪಿ ಸಾಹೇಬರಿಗೆ ರಿಜಿಸ್ಟರ್ ಪೋಸ್ಟ್ ಹಾಕ್ರಿ. ಕೋರ್ಟಿನಾಗ ಪುಕ್ಕಟೆ ವಕೀಲರು ಸಿಗ್ತಾರ, ಅವರ ಕಡೆ ಹೋಗ್ರಿ." ಠಾಣೆಯೊಳಗೆ ಇಂಥವರೂ ಇದ್ದಾರೆ, ಅವರ ಕೈಯಲ್ಲಿ ಅಧಿಕಾರ ಇರುವುದಿಲ್ಲ.

ತಾಲೂಕು ಕೋರ್ಟಿನ ಆವರಣದಲ್ಲೇ ಕಾನೂನು ಸೇವಾ ಸಮಿತಿಯ ಕೋಣೆ ಇದೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಂ ಪ್ರಕಾರ ಹೆಂಗಸರಿಗೆ ವಕೀಲರನ್ನು ಉಚಿತವಾಗಿ ಕೊಡಬೇಕು, ಆದಾಯದ ಲೆಕ್ಕ ಕೇಳುವಂತಿಲ್ಲ. ನಮಗೆ ಸಿಕ್ಕವರು ಚಿಕ್ಕ ವಯಸ್ಸಿನ ವಕೀಲೆ. ನಾನು ಅತ್ತುಕೊಂಡು ಹೇಳಿದ್ದನ್ನೆಲ್ಲ ಕೇಳಿದ ಮೇಲೆ ಅವರು ಹಾಳೆಯ ನಡುವೆ ಒಂದು ಗೆರೆ ಎಳೆದರು. "ಅವ್ವಾರ, ನಿಮ್ಮವು ಎರಡು ದುಃಖ ಅದಾವ. ದೂರು ತಗೊಂಡಿಲ್ಲ ಅನ್ನೂದು ಒಂದು. ಪೊಲೀಸರು ಕಾಡಾಕತ್ಯಾರ ಅನ್ನೂದು ಇನ್ನೊಂದು. ಎರಡಕ್ಕೂ ಬಾಗಿಲು ಬ್ಯಾರೆ ಬ್ಯಾರೆ." ಆ ಗೆರೆ ಎಳೆದ ಹಾಳೆ ಈಗಲೂ ನನ್ನ ಫೈಲಿನಲ್ಲಿದೆ.

ಮೊದಲನೆಯದಕ್ಕೆ ಕ್ರಮ ಹೀಗೆ. ಠಾಣೆ ದೂರು ತೆಗೆದುಕೊಳ್ಳದಿದ್ದರೆ ಆಗಿನ ದಂಡ ಪ್ರಕ್ರಿಯಾ ಸಂಹಿತೆಯ 154(3)ರ ಪ್ರಕಾರ ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಗೆ ಅಂಚೆಯ ಮೂಲಕ ದೂರಿನ ಸಾರ ಕಳಿಸಬೇಕು. ಅಲ್ಲೂ ಆಗದಿದ್ದರೆ 156(3)ರಲ್ಲಿ ಮ್ಯಾಜಿಸ್ಟ್ರೇಟರ ಮುಂದೆ ಹೋಗಬೇಕು. ನೇರವಾಗಿ ಹೈಕೋರ್ಟಿಗೆ ಹೋಗಿ ಎಫ್‌ಐಆರ್ ಮಾಡಿಸಿ ಎಂದರೆ ಸಾಮಾನ್ಯವಾಗಿ ಕೆಳಗೆ ಕಳಿಸುತ್ತಾರೆ. ಸಾಕಿರಿ ವಾಸು ಪ್ರಕರಣದಲ್ಲಿ 2007ರಲ್ಲಿ ಸುಪ್ರೀಂ ಕೋರ್ಟ್ ಹಾಗೆ ಹೇಳಿತು. ಅದರ ಜೊತೆಗೇ, ತನಿಖೆ ಸರಿಯಾಗಿ ನಡೆಯುವಂತೆ ನೋಡಿಕೊಳ್ಳುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದೆ ಎಂದೂ ಹೇಳಿತು. ಇನ್ನು 2013ರ ನವೆಂಬರ್ 12ರಂದು ಐವರು ನ್ಯಾಯಮೂರ್ತಿಗಳ ಪೀಠ ಲಲಿತಾ ಕುಮಾರಿ ಪ್ರಕರಣದಲ್ಲಿ ಕೊಟ್ಟ ತೀರ್ಪು: ದೂರಿನಲ್ಲಿ ಸಂಜ್ಞೇಯ, ಅಂದರೆ ಪೊಲೀಸರು ಕೋರ್ಟಿನ ಆದೇಶವಿಲ್ಲದೆಯೇ ತನಿಖೆ ಮಾಡಬಹುದಾದ ಅಪರಾಧ ಕಂಡರೆ ಎಫ್‌ಐಆರ್ ದಾಖಲಿಸಲೇಬೇಕು, ಬೇಕು ಬೇಡ ಎಂಬ ಆಯ್ಕೆ ಪೊಲೀಸರಿಗಿಲ್ಲ. ಕೌಟುಂಬಿಕ, ವ್ಯಾಪಾರಿ, ವೈದ್ಯಕೀಯ ನಿರ್ಲಕ್ಷ್ಯದಂತಹ ಕೆಲವು ಬಗೆಯ ದೂರುಗಳಲ್ಲಿ ಮಾತ್ರ ಚಿಕ್ಕ ಪ್ರಾಥಮಿಕ ವಿಚಾರಣೆ ಮಾಡಬಹುದು.

ವಕೀಲೆ ಈ ಎರಡು ಪ್ರಕರಣಗಳ ಹಿನ್ನೆಲೆಯನ್ನೂ ಹೇಳಿದರು. ಲಲಿತಾ ಕುಮಾರಿ ಪ್ರಕರಣ, ಉತ್ತರ ಪ್ರದೇಶದಲ್ಲಿ ಕಾಣೆಯಾದ ಮಗಳ ದೂರನ್ನು ಪೊಲೀಸರು ಕೇಳಲಿಲ್ಲವೆಂದು ತಂದೆಯೊಬ್ಬರು ಕೋರ್ಟಿಗೆ ಹೋದದ್ದು. ಸಾಕಿರಿ ವಾಸು ಪ್ರಕರಣ, ಸೇನೆಯಲ್ಲಿ ಮೇಜರ್ ಆಗಿದ್ದ ಮಗನ ಸಾವಿನ ತನಿಖೆ ಸರಿಯಾಗಿ ಆಗಲಿಲ್ಲವೆಂದು ತಂದೆಯೊಬ್ಬರು ಹೋದದ್ದು. ಆ ಎರಡನೆಯ ತಂದೆಗೆ ಕೇಳಿದ ತನಿಖೆ ಸಿಗಲಿಲ್ಲ. ಆದರೆ ಅವರ ಅರ್ಜಿಯ ಮೇಲೆ ಬರೆದ ತೀರ್ಪನ್ನು ಹಿಡಿದುಕೊಂಡು ನನ್ನಂಥವಳು ತಾಲೂಕು ಕೋರ್ಟಿನ ಮೆಟ್ಟಿಲು ಹತ್ತಿದಳು. ಮುಖ ಕಾಣದ ಆ ತಂದೆಯರಿಬ್ಬರೂ ನನಗೆ ಬಂಧುಗಳ ಹಾಗೆ ಕಂಡರು.

ಎಸ್‌ಪಿಯವರಿಗೆ ಸ್ವೀಕೃತಿಸಹಿತ ರಿಜಿಸ್ಟರ್ ಅಂಚೆ ಹಾಕಿದೆವು. ಮೊಹರು ಬಿದ್ದ ಸ್ವೀಕೃತಿ ಚೀಟಿ ಮನೆಗೆ ಬಂದ ದಿನ ಅದನ್ನು ದೇವರ ಜಗಲಿಯ ಮೇಲಿಟ್ಟೆ. ಠಾಣೆಯವರು ಕೊಡದ ಸಹಿಯನ್ನು ಅಂಚೆಯವರು ತಂದುಕೊಟ್ಟಿದ್ದರು. ಎಸ್‌ಪಿ ಕಚೇರಿಯಿಂದ ಅರ್ಜಿ ತಿರುಗಿ ಅದೇ ಠಾಣೆಗೆ ಬಂತು, ಅದೇ ಉತ್ತರ ಬಂತು. ಆದರೂ ಕಾನೂನು ಕೇಳುವ ಎರಡನೆಯ ಮೆಟ್ಟಿಲು ದಾಟಿ ಆಗಿತ್ತು.

ಅಷ್ಟರಲ್ಲಿ ಕಿರುಕುಳ ನಿಲ್ಲಿಸಬೇಕಾಗಿತ್ತು. ಅದಕ್ಕೆ ಸಂವಿಧಾನದ 226ನೇ ವಿಧಿಯಲ್ಲಿ ಧಾರವಾಡ ಪೀಠದ ಮುಂದೆ ರಿಟ್ ಹಾಕಿದೆವು. ಹೈಕೋರ್ಟಿಗೂ ಒಂದು ಕಾನೂನು ಸೇವಾ ಸಮಿತಿ ಇದೆ, ವಕೀಲರನ್ನು ಅವರೇ ಕೊಟ್ಟರು. 2008ರಲ್ಲಿ ಧಾರವಾಡ, ಕಲಬುರಗಿಗಳಲ್ಲಿ ಪೀಠ ಬರುವ ಮೊದಲು ನಮ್ಮ ಭಾಗದವರು ಇಷ್ಟಕ್ಕೂ ಬೆಂಗಳೂರಿಗೇ ಹೋಗಬೇಕಿತ್ತು. ಬೆಂಗಳೂರಾಗಿದ್ದರೆ ನಾನು ಹೋಗುತ್ತಿದ್ದೆನೋ ಇಲ್ಲವೋ. ಪೀಠಕ್ಕಾಗಿ ಹೋರಾಡಿದ ಉತ್ತರ ಕರ್ನಾಟಕದ ವಕೀಲರಿಗೆ ನನ್ನಂಥವರ ಋಣ ಇದೆ.

ರಿಟ್ಟಿನಲ್ಲಿ ನಾವು ಕೇಳಿದ್ದು ಕಡಿಮೆ. ಕರೆಯುವುದಿದ್ದರೆ ಬರೆದು ಕರೆಯಿರಿ ಎಂದು. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಸಕಾರಣವಿಲ್ಲದೆ ಬಂಧಿಸಕೂಡದು, 41ಎ ಕಲಮಿನ ನೋಟಿಸ್ ಕೊಡಬೇಕು ಎಂದು 2014ರ ಅರ್ನೇಶ್ ಕುಮಾರ್ ತೀರ್ಪು ಹೇಳುತ್ತದೆ. ಸಾಕ್ಷಿಯಾಗಿ ಹೇಳಿಕೆ ಬೇಕಿದ್ದರೆ ಹೆಂಗಸರನ್ನು ಠಾಣೆಗೆ ಕರೆಸುವಂತಿಲ್ಲ, ಅವರ ಮನೆಯಲ್ಲೇ ಪಡೆಯಬೇಕು ಎಂದು ಆಗಿನ ಸಂಹಿತೆಯ 160ನೇ ಕಲಂ ಹೇಳುತ್ತಿತ್ತು. ಠಾಣೆಗಳಲ್ಲಿ ಸಿಸಿ ಕ್ಯಾಮೆರಾ ಇರಬೇಕು, ದೃಶ್ಯದ ಜೊತೆ ಧ್ವನಿಯೂ ದಾಖಲಾಗಬೇಕು, 18 ತಿಂಗಳು, ಅದಾಗದಿದ್ದರೆ ಕನಿಷ್ಠ ಒಂದು ವರ್ಷ ಉಳಿಸಬೇಕು ಎಂದು 2020ರ ಡಿಸೆಂಬರ್ 2ರಂದು ಪರಮ್‌ವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆದೇಶಿಸಿದೆ. ಮಗನನ್ನು ಕೂರಿಸಿಕೊಂಡ ರಾತ್ರಿಗಳ ದೃಶ್ಯ ಅಳಿಸಬೇಡಿ ಎಂದು ವಕೀಲೆ ಮೊದಲೇ ಬರೆದು ಕಳಿಸಿದ್ದರು. ಕ್ಯಾಮೆರಾ ದುರಸ್ತಿಯಲ್ಲಿತ್ತು ಎಂಬ ಉತ್ತರ ಬಂತು. ಆ ಉತ್ತರವನ್ನೂ ಅರ್ಜಿಗೆ ಲಗತ್ತಿಸಿದೆವು.

ನ್ಯಾಯಮೂರ್ತಿಗಳು ಹೆಚ್ಚು ಮಾತಾಡಲಿಲ್ಲ. ಸರ್ಕಾರಿ ವಕೀಲರನ್ನು ಒಂದು ಪ್ರಶ್ನೆ ಕೇಳಿದರು: ಈ ಹುಡುಗನನ್ನು ಕರೆದದ್ದಕ್ಕೆ ನೋಟಿಸಿನ ಪ್ರತಿ ಇದೆಯೇ? ಇರಲಿಲ್ಲ. ಕಾನೂನು ಪ್ರಕಾರ ಲಿಖಿತ ನೋಟಿಸ್ ಇಲ್ಲದೆ ಅರ್ಜಿದಾರರನ್ನು ಠಾಣೆಗೆ ಕರೆಯಕೂಡದು, ಜಮೀನಿನ ವ್ಯಾಜ್ಯದಲ್ಲಿ ತಲೆಹಾಕಕೂಡದು, ದಾಖಲಾದ ಪ್ರಕರಣದ ತನಿಖೆಗೆ ಅರ್ಜಿದಾರರು ಸಹಕರಿಸಬೇಕು ಎಂದು ಆದೇಶವಾಯಿತು. ಆದೇಶದ ಪ್ರತಿಯನ್ನು ಠಾಣೆಗೆ ಮುಟ್ಟಿಸಿದ ಮೇಲೆ ಸಂಜೆಯ ಫೋನು ನಿಂತವು. ಮಗ ಆಮೇಲೆ ಒಮ್ಮೆ ನೋಟಿಸ್ ಬಂದಾಗ ವಕೀಲರ ಜೊತೆ ಹೋಗಿ, ಕುರ್ಚಿಯ ಮೇಲೆ ಕುಳಿತು ಹೇಳಿಕೆ ಕೊಟ್ಟು ಬಂದ. ರಾಜ್ಯ ಪೊಲೀಸ್ ದೂರು ಪ್ರಾಧಿಕಾರಕ್ಕೂ ಅರ್ಜಿ ಹಾಕಿದ್ದೆವು. 2006ರ ಪ್ರಕಾಶ್ ಸಿಂಗ್ ತೀರ್ಪಿನಿಂದ ಹುಟ್ಟಿದ ವ್ಯವಸ್ಥೆ ಅದು. ಅಲ್ಲಿಂದ ಸಿಕ್ಕದ್ದು ಅರ್ಜಿ ಸಂಖ್ಯೆ ಮಾತ್ರ.

ಮ್ಯಾಜಿಸ್ಟ್ರೇಟ್ ಕೋರ್ಟಿನ ಹಾದಿ ಉದ್ದವಾಗಿತ್ತು. 156(3)ರ ಅರ್ಜಿಯ ಜೊತೆ ಪ್ರಮಾಣಪತ್ರ ಇರಬೇಕು, ಠಾಣೆಗೂ ಎಸ್‌ಪಿಗೂ ಮೊದಲು ಹೋಗಿದ್ದಕ್ಕೆ ದಾಖಲೆ ಇರಬೇಕು ಎಂದು 2015ರ ಪ್ರಿಯಾಂಕಾ ಶ್ರೀವಾಸ್ತವ ತೀರ್ಪಿನ ನಿಯಮ. ಸುಳ್ಳು ದೂರು ಹಾಕಿ ಕಾಡುವವರನ್ನು ತಡೆಯಲು ಬಂದದ್ದು ಅದು. ಸುಳ್ಳು ಎಫ್‌ಐಆರಿನ ಬಿಸಿ ಉಂಡ ನನಗೆ ಆ ನಿಯಮ ನ್ಯಾಯವೆಂದೇ ಅನಿಸಿತು. ಆಸ್ಪತ್ರೆಯ ಎಂಎಲ್‌ಸಿ ರಿಜಿಸ್ಟರಿನ ಪ್ರತಿ, ಅಂಚೆಯ ಸ್ವೀಕೃತಿ, ಗಾಯದ ಮಾತಿಲ್ಲದ ಹಿಂಬರಹ ಮೂರನ್ನೂ ಮುಂದಿಟ್ಟೆವು. ಪ್ರಕರಣ ದಾಖಲಿಸಿ ತನಿಖೆ ಮಾಡಿ ವರದಿ ಕೊಡಿ ಎಂದು ನ್ಯಾಯಾಧೀಶರು ಬರೆದರು.

ಆದೇಶವಾದ ಮೇಲೂ ದಾಖಲಾಗಲು ತಡವಾಯಿತು. ಪಂಚನಾಮೆಗೆ ಬರುವ ಹೊತ್ತಿಗೆ ಜೋಳ ಕೊಯ್ದು ಆಗಿತ್ತು, ಹೊಸ ಸ್ಟಾರ್ಟರ್ ಕೂರಿಸಿ ಆಗಿತ್ತು, ಸಲಿಕೆ ಯಾರ ಮನೆಯಲ್ಲಿತ್ತೋ ಯಾರಿಗೂ ಗೊತ್ತಿಲ್ಲ. ನೋಡಿದವರು ಊರಲ್ಲಿದ್ದರೂ ನೋಡಿಲ್ಲ ಎಂದರು. ಮೊದಲ ದಿನ ಬರೆದುಕೊಂಡಿದ್ದರೆ ಇವೆಲ್ಲ ಸಿಗುತ್ತಿದ್ದವು. ದೂರು ತೆಗೆದುಕೊಳ್ಳದೆ ಕಳಿಸುವುದರಿಂದ ಆಗುವ ನಿಜವಾದ ಹಾನಿ ಇದೇ. ನ್ಯಾಯ ತಡವಾಗುತ್ತದೆ ಎಂಬುದಲ್ಲ, ಸಾಕ್ಷಿಯೇ ಅಳಿದುಹೋಗುತ್ತದೆ. ಮುಂದೆ ಯಾವ ಕೋರ್ಟು ಎಷ್ಟು ಒಳ್ಳೆಯ ಆದೇಶ ಮಾಡಿದರೂ ಅದನ್ನು ತಿರುಗಿ ತರಲಾಗದು. ನಾನು ಒಗೆಯದೆ ಕಾಗದದಲ್ಲಿ ಸುತ್ತಿಟ್ಟ ಅಂಗಿಯೊಂದೇ ಉಳಿದಿತ್ತು.

ಕೊನೆಗೆ 'ಬಿ' ರಿಪೋರ್ಟ್ ಹಾಕಿದರು. ದೂರಿನಲ್ಲಿ ಹುರುಳಿಲ್ಲ ಎಂದು ಅದರ ಅರ್ಥ. ಬಹಳ ಜನ ಇಲ್ಲಿಗೆ ಕೈಬಿಡುತ್ತಾರೆ. ಆದರೆ 'ಬಿ' ರಿಪೋರ್ಟ್ ಬಂತೆಂದರೆ ಕೋರ್ಟು ದೂರುದಾರರಿಗೆ ನೋಟಿಸ್ ಕೊಡಬೇಕು, ನಾವು ತಕರಾರು ಅರ್ಜಿ ಹಾಕಬಹುದು. ನ್ಯಾಯಾಧೀಶರು ವರದಿಯನ್ನು ಒಪ್ಪದೆ ತಿರಸ್ಕರಿಸಿದರು, ನನ್ನ ಪ್ರಮಾಣ ಹೇಳಿಕೆ ಪಡೆದರು. ಕಟಕಟೆಯಲ್ಲಿ ನಿಂತು ಆ ಬೆಳಗಿನದನ್ನೆಲ್ಲ ಹೇಳುವಾಗ ನನ್ನ ಕೈ ನಡುಗುತ್ತಿತ್ತು, ಧ್ವನಿ ನಡುಗಲಿಲ್ಲ. ಬೇರೆ ಊರಿಗೆ ವರ್ಗವಾಗಿದ್ದ ಡಾಕ್ಟರು ಬಂದು ತಮ್ಮ ಅಕ್ಷರವನ್ನು ಗುರುತಿಸಿದರು. ಆರೋಪಿಗಳಿಗೆ ಸಮನ್ಸ್ ಹೋಯಿತು.

ಈಗ ನಮ್ಮ ದೂರಿನ ಕೇಸು, ಅವರ ದೂರಿನ ಕೇಸು ಎರಡೂ ಒಬ್ಬರೇ ನ್ಯಾಯಾಧೀಶರ ಮುಂದೆ ಇವೆ. ಕೇಸು, ಪ್ರತಿಕೇಸು ಎರಡನ್ನೂ ಒಂದೇ ನ್ಯಾಯಾಲಯ ಕೇಳಿ ಒಟ್ಟಿಗೆ ತೀರ್ಮಾನಿಸಬೇಕು ಎಂಬ ನಿಯಮವಿದೆ. ಮಗ ಇನ್ನೂ ಜಾಮೀನಿನ ಮೇಲಿದ್ದಾನೆ. ನೌಕರಿಯ ಅರ್ಜಿಗಳಲ್ಲಿ ಕ್ರಿಮಿನಲ್ ಪ್ರಕರಣ ಬಾಕಿ ಇದೆಯೇ ಎಂಬಲ್ಲಿ ಹೌದು ಎಂದು ಬರೆಯುತ್ತಾನೆ. ಸಹಿ ಹಾಕಿಸಿಕೊಂಡ ಖಾಲಿ ಹಾಳೆ ಎಲ್ಲೂ ಹೊರಬಂದಿಲ್ಲ. ನನ್ನನ್ನು ಏಕವಚನದಲ್ಲಿ ಬೈದವರ ಮೇಲೆ ಇಲಾಖೆ ಯಾವ ಕ್ರಮವನ್ನೂ ತೆಗೆದುಕೊಂಡಿಲ್ಲ. ಇದು ಅನ್ಯಾಯ, ನಾನು ಹಾಗೆಂದೇ ಹೇಳುತ್ತೇನೆ. ಆದರೆ ಬೋರ್‌ವೆಲ್ ನಮ್ಮದಾಗಿಯೇ ಇದೆ, ಸಂಜೆ ಫೋನು ಬಂದರೆ ಈಗ ಮನೆಯಲ್ಲಿ ಯಾರೂ ಬೆಚ್ಚುವುದಿಲ್ಲ.

2024ರ ಜುಲೈ 1ರಿಂದ ಕಾನೂನಿನ ಹೆಸರು, ಕಲಮಿನ ಸಂಖ್ಯೆ ಬದಲಾಗಿವೆ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ದೂರು ದಾಖಲಿಸುವುದು 173, ಎಸ್‌ಪಿಗೆ ಕಳಿಸುವುದು 173(4), ಮ್ಯಾಜಿಸ್ಟ್ರೇಟರ ಆದೇಶ 175(3), ಹಾಜರಾತಿಯ ನೋಟಿಸ್ 35(3). ಘಟನೆ ಯಾವ ಠಾಣೆಯ ಗಡಿಯಲ್ಲೇ ನಡೆದಿರಲಿ, ಯಾವ ಠಾಣೆಯಲ್ಲಾದರೂ ದೂರು ಕೊಡಬಹುದು. ಮೂರರಿಂದ ಏಳು ವರ್ಷಕ್ಕಿಂತ ಕಡಿಮೆ ಶಿಕ್ಷೆಯ ಅಪರಾಧವಾದರೆ ಡಿವೈಎಸ್‌ಪಿ ಅನುಮತಿ ಪಡೆದು 14 ದಿನದೊಳಗೆ ಪ್ರಾಥಮಿಕ ವಿಚಾರಣೆ ಮಾಡಲು ಪೊಲೀಸರಿಗೆ ಅವಕಾಶ ಕೊಟ್ಟಿದ್ದಾರೆ. ಈ ಅವಕಾಶ ನಮ್ಮಂಥವರ ದೂರುಗಳನ್ನು ಮೂಲೆಗೆ ತಳ್ಳುವ ಹೊಸ ನೆಪವಾಗಬಾರದೆಂದು ಆಡಳಿತದವರಲ್ಲಿ ಕೇಳಿಕೊಳ್ಳುತ್ತೇನೆ. ಠಾಣೆಯ ಕಟ್ಟೆಯ ಮೇಲೆ ಈಗ ಕುಳಿತಿರುವವರಲ್ಲೂ ಒಂದು ಮಾತು: ಗಾಯವಾಗಿದ್ದರೆ ಮೊದಲು ಸರ್ಕಾರಿ ಆಸ್ಪತ್ರೆಗೆ ಹೋಗಿ ಎಂಎಲ್‌ಸಿ ಮಾಡಿಸಿ, ದೂರಿನ ಪ್ರತಿ ಇಟ್ಟುಕೊಳ್ಳಿ, ಸಹಿ ಕೊಡದಿದ್ದರೆ ಅಂಚೆಯಲ್ಲಿ ಕಳಿಸಿ, ಖಾಲಿ ಹಾಳೆಗೆ ಸಹಿ ಹಾಕಬೇಡಿ. ತಾಲೂಕು ಕೋರ್ಟಿನಲ್ಲಿರುವ ಕಾನೂನು ಸೇವಾ ಸಮಿತಿಗೆ ಹೋಗಿ, ಇಲ್ಲವೇ 15100ಕ್ಕೆ ಫೋನು ಮಾಡಿ. ದುಡ್ಡು ಕೇಳುವುದಿಲ್ಲ.